ಸನ್ಮಾನ್ಯ ಸಿನಿಮಾಟೋಗ್ರಾಫ್ ಪೆಟ್ಟಿಗೆಯವರಿಗೊಂದು ಬಹಿರಂಗ ಪತ್ರ

ಮಹಾಸನ್ನಿಧಾನಕ್ಕೆ,

ಸಾಷ್ಟಾಂಗ ನಮಸ್ಕಾರಗಳು. ಮುಕ್ಕಾಲಿಯ ಮೇಲೆ ಆಸೀನರಾಗಿ, ಒಂದೇ ಕಣ್ಣಿನಿಂದ ಲೋಕವನ್ನು ನೋಡಿ, ನೋಡಿದ್ದನ್ನು ಮುಂದಿನ ತಲೆಮಾರುಗಳಿಗೆ ದಾಟಿಸಿದವರು ತಾವು. ತಮ್ಮಂಥವರಿಗೆ ಕಾಗದ ಬರೆಯುವಾಗ ಕೈ ಕಟ್ಟಿ ನಿಲ್ಲುವುದೇ ಮರ್ಯಾದೆ. ತಾವು ಲೂಮಿಯೇರ್ ಸಹೋದರರ ಮನೆತನದವರು. ತೂಕ ನೋಡಿದರೆ ಒಬ್ಬನೇ ಹೊತ್ತು ತಿರುಗಬಹುದಾದ ಮರದ ಪೆಟ್ಟಿಗೆ. ಆದರೆ ಚಿತ್ರ ಹಿಡಿಯುವವರೂ ತಾವೇ, ಅದರ ಪ್ರತಿ ತೆಗೆಯುವವರೂ ತಾವೇ, ಸಂಜೆ ಹಿಂದೊಂದು ದೀಪವಿಟ್ಟರೆ ಪರದೆಯ ಮೇಲೆ ತೋರಿಸುವವರೂ ತಾವೇ. 1895ರ ಡಿಸೆಂಬರ್ 28ರಂದು ಪ್ಯಾರಿಸಿನ ಗ್ರ್ಯಾಂಡ್ ಕೆಫೆಯಲ್ಲಿ ಟಿಕೆಟ್ ಇಟ್ಟು ಮೊದಲ ದರ್ಶನ ಕೊಟ್ಟಿರಿ. ಮರುವರ್ಷ ಜುಲೈ 7ರಂದು ಮುಂಬಯಿಯ ವಾಟ್ಸನ್ ಹೋಟೆಲಿಗೆ ದಯಮಾಡಿಸಿದಿರಿ. ಅದೇ ಜುಲೈಯಲ್ಲಿ ಬೊಹೀಮಿಯಾದ ಕಾರ್ಲೊವಿ ವಾರಿ ಎಂಬ ಬಿಸಿನೀರ ಬುಗ್ಗೆಗಳ ಊರಿಗೂ ತಮ್ಮ ಸವಾರಿ ಹೋಯಿತು. ಅಷ್ಟು ದೂರದೂರದ ಜನರನ್ನು ಒಂದೇ ತಿಂಗಳಲ್ಲಿ ಬೆರಗುಗೊಳಿಸಿದ ತಮ್ಮ ಉಪಕಾರಕ್ಕೆ, ಕನ್ನಡದ ಒಬ್ಬ ಪ್ರೇಕ್ಷಕನಾಗಿ ನಾನೂ ಋಣಿ.

ಈ ಪತ್ರ ಬರೆಯುತ್ತಿರುವುದು ಪ್ರಾಗ್ ನಗರದ ಒಬ್ಬ ನಟನ ಪರವಾಗಿ. ಹೆಸರು ಯೋಸೆಫ್ ಷ್ವಾಬ್-ಮಾಲೊಸ್ಟ್ರಾನ್ಸ್ಕಿ. ಜೆಕ್ ನಾಡಿನಲ್ಲಿ ತಮ್ಮ ಮುಂದೆ ಮೊದಲಿಗೆ ಅಭಿನಯಿಸಿದವರು ಇವರೇ. ತಮಗೆ ನೆನಪಿರಬಹುದು. ಇಲ್ಲದಿದ್ದರೆ ನೆನಪಿಸುವ ಅಪ್ಪಣೆ ಕೊಡಬೇಕು.

1860ರಲ್ಲಿ ಹುಟ್ಟಿದ ಇವರು ವ್ಲತಾವಾ ನದಿಯ ಎಡದಂಡೆಯಲ್ಲಿ, ಕೋಟೆಯ ಬುಡದಲ್ಲಿರುವ ಮಾಲಾ ಸ್ಟ್ರಾನಾ ಬಡಾವಣೆಯ ಹೆಸರನ್ನೇ ತಮ್ಮ ಹೆಸರಿಗೆ ಸೇರಿಸಿಕೊಂಡವರು. ಕ್ಯಾಬರೆಯ ಮನುಷ್ಯ. ಅಂದಿನ ಪ್ರಾಗ್‌ನಲ್ಲಿ ಕ್ಯಾಬರೆ ಎಂದರೆ ಬಿಯರ್ ಗ್ಲಾಸುಗಳ ಸದ್ದು, ತಂಬಾಕಿನ ಹೊಗೆ, ಮೇಜುಗಳ ನಡುವೆ ಒಂದು ಸಣ್ಣ ವೇದಿಕೆ, ಅದರ ಮೇಲೆ ನಿಂತು ಊರಿನ ಸುದ್ದಿಯನ್ನೇ ಪ್ರಾಸಕ್ಕೆ ಕೂರಿಸಿ ಹಾಡುವ ಒಬ್ಬ ಆಸಾಮಿ. ಷ್ವಾಬ್ ಅಂಥ ಹಾಡು ಬರೆದರು, ಹಾಡಿದರು. ಪ್ರಹಸನ ಬರೆದರು, ಪುಸ್ತಕ ಪ್ರಕಾಶಕರೂ ಆದರು. 1898ರಲ್ಲಿ ತಮ್ಮ ಕಣ್ಣು ಅವರ ಮೇಲೆ ಬಿದ್ದಾಗ ಅವರಿಗೆ 38 ವರ್ಷ. ಜನ ಅವರ ಮುಖ ಕಂಡೊಡನೆ ನಗಲು ತಯಾರಾಗುತ್ತಿದ್ದ ಕಾಲ. ಹೀಗೆ ಮಾಗಿದ ಒಬ್ಬ ಕಲಾವಿದನನ್ನು ಹುಡುಕಿಕೊಂಡು ಹೋದ ತಮ್ಮ ವಿವೇಕಕ್ಕೆ ನಮೋನಮಃ.

ತಮ್ಮನ್ನು ಆ ಊರಿಗೆ ಕರೆತಂದವರು ಯಾನ್ ಕ್ರಿಝೆನೆಟ್ಸ್ಕಿ. ಪ್ರಾಗ್ ನಗರಸಭೆಯ ಕಟ್ಟಡ ಕಚೇರಿಯ ನೌಕರ, ಹವ್ಯಾಸದಿಂದ ಛಾಯಾಗ್ರಾಹಕ. ಆ ವರ್ಷ ಪ್ರಾಗ್‌ನಲ್ಲಿ ವಾಸ್ತುಶಿಲ್ಪ ಮತ್ತು ಎಂಜಿನಿಯರಿಂಗ್ ವಸ್ತುಪ್ರದರ್ಶನ ನಡೆಯಿತು. ಅಲ್ಲಿ ಅವರು ‘ಜೆಕ್ ಸಿನಿಮಾಟೋಗ್ರಾಫ್’ ಎಂಬ ಮಂಟಪ ಹಾಕಿದರು. ಅಗ್ನಿಶಾಮಕ ದಳದವರ ಗಾಡಿ, ನದಿಯ ಈಜುಕೊಳ, ಚೌಕದಲ್ಲಿ ಓಡಾಡುವ ಜನ ಎಲ್ಲವನ್ನೂ ತಾವು ಹಿಡಿದಿರಿ. ಅದರ ನಡುವೆ ಷ್ವಾಬ್ ಬಂದು ಮೂರು ಕಿರುಚಿತ್ರಗಳಲ್ಲಿ ನಟಿಸಿಕೊಟ್ಟರು. ಒಂದರಲ್ಲಿ ಹಿಟ್ಟಿನ ಗಿರಣಿಯಲ್ಲಿ ಕದ್ದುಮುಚ್ಚಿ ನಡೆಯುವ ಪ್ರಣಯ. ಇನ್ನೊಂದರಲ್ಲಿ ಪ್ರದರ್ಶನದ ಮೈದಾನದಲ್ಲಿ ಸಾಸೇಜ್ ಮಾರುವವನಿಗೂ ಪೋಸ್ಟರ್ ಅಂಟಿಸುವವನಿಗೂ ನಡೆಯುವ ರಂಪ. ಮೂರನೆಯದು ‘ನಗು ಮತ್ತು ಅಳು’. ಜೆಕ್ ಕಥಾಚಿತ್ರದ ಇತಿಹಾಸ ಇಲ್ಲಿಂದ ಮೊದಲಾಗುತ್ತದೆ. ಒಂದು ಭಾಷೆಯ ಸಿನಿಮಾಕ್ಕೆ ಅಡಿಗಲ್ಲು ಹಾಕುವ ಯೋಗವನ್ನು ರಾಜಕುಮಾರನ ವೇಷದವನಿಗೆ ಕೊಡದೆ, ಗಿರಣಿಯ, ಬೀದಿಯ ಪಾತ್ರ ಮಾಡುವ ಹಾಸ್ಯಗಾರನಿಗೆ ಕೊಟ್ಟಿರಿ. ಇದನ್ನು ನಾನು ಎದೆತುಂಬಿ ಹೇಳುತ್ತಿದ್ದೇನೆ. ಇನ್ನು ಮುಂದಿನದು ನನ್ನ ಅಹವಾಲು.

ಮಹಾಸ್ವಾಮಿ, ತಾವು ಅವರಿಗೆ ದಯಪಾಲಿಸಿದ್ದು 17 ಮೀಟರ್ ಫಿಲ್ಮು. ಸೆಕೆಂಡಿಗೆ 16 ಚೌಕಟ್ಟಿನ ಲೆಕ್ಕದಲ್ಲಿ ತಿರುವಿದರೆ ಸುಮಾರು 50 ಸೆಕೆಂಡು. ಕ್ಯಾಬರೆಯಲ್ಲಿ ಷ್ವಾಬ್ ವೇದಿಕೆ ಹತ್ತಿ, ಒಮ್ಮೆ ಸುತ್ತ ನೋಡಿ, ಎದುರಿನ ಮೇಜಿನವನನ್ನು ಕೆಣಕಿ ಗಂಟಲು ಸರಿಮಾಡಿಕೊಳ್ಳುವುದಕ್ಕೂ ಅದು ಸಾಲದು. ಆ ಅಳತೆಯೊಳಗೆ ನಗಬೇಕು, ಆ ನಗು ಬಾಡಬೇಕು, ಅಳು ಹುಟ್ಟಬೇಕು, ಅದು ಉಕ್ಕಬೇಕು. ನಾಟಕದ ಎರಡು ತುದಿಗಳನ್ನು ಒಂದು ನಿಮಿಷದೊಳಗೆ ಮುಟ್ಟಿಸಿ ಎಂದಿರಿ. ಅವರು ಮುಟ್ಟಿಸಿದರು. ಇಷ್ಟಾದರೂ ತಾವು ಪೂರ್ತಿ ನೋಡಿದ್ದುಂಟೇ? ತಮ್ಮ ಒಳಗಿನ ರಚನೆ ನನಗೆ ತಿಳಿಯದ್ದೇನಲ್ಲ. ಎರಡು ಪುಟ್ಟ ಮೊಳೆಗಳ ಒಂದು ಕೊಕ್ಕೆ ಫಿಲ್ಮಿನ ಅಂಚಿನ ತೂತುಗಳಿಗೆ ಹೊಕ್ಕು ಅದನ್ನು ಒಂದು ಚೌಕಟ್ಟಿನಷ್ಟು ಕೆಳಗೆಳೆಯುತ್ತದೆ. ಹಾಗೆ ಎಳೆಯುವಾಗ ಬೆಳಕು ತಾಗಬಾರದು, ತಾಗಿದರೆ ಚಿತ್ರ ಕಲಸಿಹೋಗುತ್ತದೆ. ಅದಕ್ಕೆಂದು ಒಂದು ತಗಡಿನ ಬಿಲ್ಲೆ ಬಂದು ಮಸೂರವನ್ನು ಮುಚ್ಚುತ್ತದೆ. ಫಿಲ್ಮು ನಿಂತ ಮೇಲೆ ಬಿಲ್ಲೆ ಸರಿದು ಕಣ್ಣು ತೆರೆಯುತ್ತದೆ. ಸೆಕೆಂಡಿಗೆ 16 ಸಲ ಹೀಗೆ. ಲೆಕ್ಕ ಹಾಕಿದರೆ, ಅವರು ನಕ್ಕ, ಅತ್ತ ಆ 50 ಸೆಕೆಂಡಿನಲ್ಲಿ ಹೆಚ್ಚುಕಡಿಮೆ ಅರ್ಧ ಹೊತ್ತು ತಾವು ಕಣ್ಣು ಮುಚ್ಚಿದ್ದಿರಿ. ನಗು ಒಡೆದು ಅಳುವಾಗುವ ಸರಿಯಾದ ಆ ಗಳಿಗೆ ತಮ್ಮ ಬಿಲ್ಲೆಯ ಹಿಂದೆ ಉಳಿದುಹೋಯಿತೋ ಏನೋ ಎಂಬುದು ನನ್ನ ಮೊದಲ ಸಂಕಟ.

ತಾವು ಅವರ ಮುಖವನ್ನು ಕಾಪಾಡಿದಿರಿ, ಅದಕ್ಕಾಗಿ ಕೃತಜ್ಞತೆಗಳು. ಆದರೆ ಅವರ ಕಸುಬು ದನಿ. ಹಾಡುಗಾರನೊಬ್ಬನನ್ನು ಕರೆಸಿ, ಗೌರವದಿಂದ ನಿಲ್ಲಿಸಿ, ದನಿಯೊಂದನ್ನು ಬಿಟ್ಟು ಉಳಿದದ್ದನ್ನೆಲ್ಲ ಕೊಡಿ ಎಂದು ಕೇಳಿದಿರಿ. ನಗುವಿನಲ್ಲಿ ಬಾಯಿ ತೆರೆಯುತ್ತದೆ, ಭುಜ ಕುಲುಕುತ್ತದೆ, ಒಳಗಿನಿಂದ ಏನೋ ಹೊರಗೆ ಬರುತ್ತಿದೆ ಎಂದು ಗೊತ್ತಾಗುತ್ತದೆ. ಅದು ಎಂಥ ನಗು? ಗಂಟಲಿನದೋ, ಹೊಟ್ಟೆಯದೋ? ಮೇಲಿನ ಮೇಜಿನವರೆಗೂ ಮುಟ್ಟುವಂಥದೋ, ಪಕ್ಕದವನಿಗಷ್ಟೇ ಕೇಳುವಂಥದೋ? ಅವರ ಪ್ರೇಕ್ಷಕರೆಲ್ಲರಿಗೂ ಗೊತ್ತಿದ್ದ ಈ ಸಂಗತಿ ಆ ಫಿಲ್ಮು ನೋಡುವ ನಮಗೆ ಗೊತ್ತಾಗುವುದಿಲ್ಲ. ಅವರು ನಕ್ಕ ದಿನ ಅಲ್ಲಿ ಕೇಳುತ್ತಿದ್ದದ್ದು ತಮ್ಮ ಹಿಡಿಕೆ ತಿರುಗುವ ಟಕಟಕ ಮಾತ್ರ.

ಬೆಳಕಿನ ವಿಷಯದಲ್ಲಿಯೂ ತಮ್ಮ ಕೃಪೆ ದೊಡ್ಡದು. ಅಂದಿನ ಫಿಲ್ಮಿಗೆ ಬಿಸಿಲು ಬೇಕೇ ಬೇಕು, ದೀಪದ ಬೆಳಕು ಸಾಲದು. ಆದ್ದರಿಂದ ರಾತ್ರಿಯ ಕಲಾವಿದನನ್ನು ಹಗಲಿನ ಬಯಲಿಗೆ ಎಳೆದು ತಂದಿರಿ. ಎದುರಿಗೆ ಮೇಜುಗಳಿಲ್ಲ, ಗ್ಲಾಸುಗಳಿಲ್ಲ, ನಗಿಸಿದರೆ ಮರುನಗೆ ಕೊಡುವ ಜನರಿಲ್ಲ. ಹಾಸ್ಯಗಾರನಿಗೆ ಸಭೆಯೇ ತಾಳ. ಜನ ನಕ್ಕಷ್ಟು ಹೊತ್ತು ಕಾಯಬೇಕು, ನಗು ಇಳಿಯುವ ಮೊದಲೇ ಮುಂದಿನ ಮಾತು ಎಸೆಯಬೇಕು. ಆ ತಾಳವನ್ನು ಕಿತ್ತುಕೊಂಡು, ಮಂದ ಮುಖದ ಒಂದು ಪೆಟ್ಟಿಗೆಯ ಎದುರು ನಗಿ ಎಂದಿರಿ. ಸಾಲದ್ದಕ್ಕೆ ಕೆಂಪು ಬಣ್ಣ ತಮ್ಮ ಫಿಲ್ಮಿಗೆ ಕಾಣುತ್ತಲೇ ಇರಲಿಲ್ಲ. ನಕ್ಕು ನಕ್ಕು ಕೆಂಪೇರಿದ ಕೆನ್ನೆ, ಅತ್ತು ಕೆಂಪಾದ ಕಣ್ಣಂಚು ಎರಡೂ ತಮ್ಮಲ್ಲಿ ಬರೀ ಕಪ್ಪಾಗಿ ಇಳಿಯುತ್ತಿದ್ದವು. ಇಷ್ಟೆಲ್ಲ ಕಿತ್ತುಕೊಂಡ ಮೇಲೂ ಆ ಮುಖದಲ್ಲಿ ಜೀವ ಉಳಿದಿದೆ. ಅದು ಅವರ ಸಾಮರ್ಥ್ಯ. ಅದರ ಶ್ರೇಯಸ್ಸನ್ನು ತಾವು ದಯವಿಟ್ಟು ತೆಗೆದುಕೊಳ್ಳಬಾರದು ಎಂದು ಕೈಮುಗಿದು ಬೇಡುತ್ತೇನೆ.

ಇಲ್ಲಿ ಒಂದು ಮಾತನ್ನು ಕೊಂಚ ಬಿಡಿಸಿ ಹೇಳಬೇಕು. ಆ ಕಾಲದ ಚಿತ್ರಗಳನ್ನು ತೆಗೆದು ನೋಡಿದರೆ ಮನುಷ್ಯರು ಸಾಮಾನ್ಯವಾಗಿ ದೂರದಲ್ಲಿ, ತಲೆಯಿಂದ ಕಾಲಿನವರೆಗೆ ಕಾಣುತ್ತಾರೆ. ರಂಗಮಂದಿರದ ಕುರ್ಚಿಯಲ್ಲಿ ಕೂತಷ್ಟು ದೂರ. ‘ನಗು ಮತ್ತು ಅಳು’ವಿನಲ್ಲಿ ತಾವು ಷ್ವಾಬ್ ಅವರ ಹತ್ತಿರಕ್ಕೆ ಹೋದಿರಿ. ಮುಖ, ಎದೆ, ಅಷ್ಟೇ. ಕಥೆಯಿಲ್ಲ, ಜೊತೆ ಪಾತ್ರವಿಲ್ಲ. ಹೀಗೆ ಹತ್ತಿರ ಹೋಗುವ ಧೈರ್ಯ ತಮಗೆ ಎಲ್ಲಿಂದ ಬಂತು ಎಂದು ಕೇಳಿಕೊಂಡರೆ ನನಗೆ ಸಿಗುವ ಉತ್ತರ ಒಂದೇ. ಬರೀ ಮುಖದಿಂದ ಸಭೆಯನ್ನು ಹಿಡಿದು ಕೂರಿಸಬಹುದು ಎಂಬುದು ಕ್ಯಾಬರೆಯವರ ವಿದ್ಯೆ. ಮುಖವಾಡವಿಲ್ಲದೆ, ಪರದೆಯಿಲ್ಲದೆ, ಮೂರು ಮಾರು ದೂರದಲ್ಲಿ ಕೂತವರೆದುರು ಹುಬ್ಬು ಹಾರಿಸಿ ಬದುಕಿದವರು ಅವರು. ಆ ವಿದ್ಯೆಯನ್ನು ಷ್ವಾಬ್ ತಮ್ಮ ಮುಂದೆ ತಂದಿಟ್ಟರು. ಮುಂದೆ ಲೋಕದ ಸಿನಿಮಾವೆಲ್ಲ ಮುಖದ ಹತ್ತಿರ ಹೋಗಿ ನಿಲ್ಲುವುದನ್ನೇ ತನ್ನ ದೊಡ್ಡ ಶಕ್ತಿ ಎಂದು ಸಾರಿಕೊಂಡಿತು. ಅದರ ಬಗ್ಗೆ ಬರೆಯುವವರು ನಿರ್ದೇಶಕರ ಹೆಸರು ಹೇಳುತ್ತಾರೆ, ಮಸೂರದ ಹೆಸರು ಹೇಳುತ್ತಾರೆ. ಬಿಸಿಲಲ್ಲಿ ನಿಂತು ಅತ್ತವನ ಹೆಸರು ಯಾರ ಬಾಯಲ್ಲೂ ಬರುವುದಿಲ್ಲ. ಪೋಷಕ ನಟರಿಂದ ಸಿನಿಮಾ ಕಲಿತದ್ದೇನು ಎಂದು ಒಂದು ಪುಸ್ತಕ ಬರೆಯುವುದಾದರೆ ಅದರ ಮೊದಲ ಅಧ್ಯಾಯ ಈ 50 ಸೆಕೆಂಡುಗಳೇ ಆಗಬೇಕು ಎಂಬುದು ನನ್ನ ದೃಢವಾದ ಅಭಿಪ್ರಾಯ.

ಇಷ್ಟು ಸೇವೆ ಮಾಡಿಸಿಕೊಂಡ ಮೇಲೆ ತಾವು ಏನು ಮಾಡಿದಿರಿ? ಅವರತ್ತ ಬೆನ್ನು ತಿರುಗಿಸಿದಿರಿ. 1901ರಲ್ಲಿ ಚಕ್ರವರ್ತಿ ಫ್ರಾನ್ಸಿಸ್ ಹೆಸರಿನ ಸೇತುವೆಯ ಉದ್ಘಾಟನೆಗೆ ತಾವು ಹಾಜರಿದ್ದಿರಿ. 1908ರಲ್ಲಿ ವಸಂತಕಾಲದ ಕುದುರೆ ಪಂದ್ಯಕ್ಕೆ ಹೋದಿರಿ. ಆ ಪಂದ್ಯದ ಫಿಲ್ಮಿನ ಮೇಲೆ ಸ್ಥಾಯೀ ವಿದ್ಯುತ್ತಿನ ಕಿಡಿಗಳು ಗೀರಿದ ಮಿಂಚಿನಂಥ ಗುರುತುಗಳನ್ನು ಇಂದಿಗೂ ವಿದ್ವಾಂಸರು ಪ್ರೀತಿಯಿಂದ ಅಭ್ಯಾಸ ಮಾಡುತ್ತಾರೆ. ಸೇತುವೆಗೆ, ಕುದುರೆಗೆ, ಕಿಡಿಗೆ ಸಂದ ಗಮನದಲ್ಲಿ ಒಂದು ಪಾಲು ಷ್ವಾಬ್‌ಗೂ ಸಂದಿದ್ದರೆ! ನಲವತ್ತರಿಂದ ಐವತ್ತರ ನಡುವೆ ಹಾಸ್ಯನಟನ ಮುಖ ತನ್ನ ಪೂರ್ಣ ಬಲದಲ್ಲಿರುತ್ತದೆ. ಆ ವರ್ಷಗಳಲ್ಲಿ ಪ್ರಾಗ್‌ನಲ್ಲಿ ಕಥೆ ಕಟ್ಟಿ ಚಿತ್ರ ಮಾಡುವ ಉದ್ಯಮವೇ ತಲೆಯೆತ್ತಲಿಲ್ಲ. ಅಂಥ ಕಂಪನಿಗಳು ಕಣ್ಣು ಬಿಟ್ಟದ್ದು 1910ರ ಆಸುಪಾಸಿನಲ್ಲಿ. ಆಗ ಷ್ವಾಬ್ ಮರಳಿ ಬಂದರು. ಮನುಷ್ಯನ ಪಂಚೇಂದ್ರಿಯಗಳನ್ನು ಕುರಿತು ಒಂದು ಕಿರುಚಿತ್ರದಲ್ಲಿ ಮತ್ತೆ ತಮ್ಮ ಮುಖವನ್ನೇ ಬಂಡವಾಳವಾಗಿ ಹೂಡಿದರು. ಮುನಿಸಿಕೊಳ್ಳದೆ ಬಂದರು ಎಂಬುದನ್ನು ಗಮನಿಸಬೇಕು.

ಅಷ್ಟರಲ್ಲಿ ಇನ್ನೊಬ್ಬರ ಅದೃಷ್ಟ ಖುಲಾಯಿಸಿತ್ತು. ಪೊನ್ರೆಪೊ ಎಂಬ ಜಾದೂಗಾರರು 1907ರಲ್ಲಿ ಪ್ರಾಗ್‌ನ ಕಾರ್ಲೊವಾ ಬೀದಿಯಲ್ಲಿ ನಗರದ ಮೊದಲ ಕಾಯಂ ಚಿತ್ರಮಂದಿರ ತೆರೆದರು. ದೊಡ್ಡ ಮನುಷ್ಯ, ಅನುಮಾನವಿಲ್ಲ. ಇಂದು ಜೆಕ್ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದ ಚಿತ್ರಮಂದಿರಕ್ಕೆ ಅವರದೇ ಹೆಸರಿದೆ. ಪರದೆ ಕಟ್ಟಿದವರನ್ನು ಹೀಗೆ ನೆನೆಯುವ ಊರು ಪರದೆಯ ಮೇಲೆ ಮೊದಲು ನಕ್ಕವರನ್ನೂ ನೆನೆಯಲಿ. ಆ ಮಂದಿರದ ಒಂದು ಕುರ್ಚಿಯ ಬೆನ್ನಿಗೆ ಷ್ವಾಬ್ ಅವರ ಹೆಸರು ಕೆತ್ತಿಸಲು ತಾವು ಶಿಫಾರಸು ಮಾಡಬೇಕೆಂದು ನಮ್ರ ವಿನಂತಿ.

1920ರ ದಶಕ ಬಂತು. ದೇಶ ಆಗಲೇ ಸ್ವತಂತ್ರವಾಗಿತ್ತು, ಚಿತ್ರಗಳು ಉದ್ದವಾದವು, ತಮ್ಮ ಮನೆತನದ ಹೊಸ ಕ್ಯಾಮೆರಾಗಳು ಬಂದವು. ಷ್ವಾಬ್ ಈಗ ಅರವತ್ತು ದಾಟಿದವರು. ಅವರಿಗೆ ಸಿಕ್ಕಿದ್ದು ಸಣ್ಣಪುಟ್ಟ ಮುದುಕರ ಪಾತ್ರಗಳು. ಬಾಗಿಲಲ್ಲಿ ಬಂದು ನಿಲ್ಲುವುದು, ಎರಡು ಗಳಿಗೆ ಇದ್ದು ಹೋಗುವುದು. ಪೋಷಕ ನಟನ ಕೆಲಸ ಉಪ್ಪಿನದು; ಇದ್ದಾಗ ಯಾರೂ ಹೆಸರೆತ್ತುವುದಿಲ್ಲ, ಇಲ್ಲದಿದ್ದರೆ ಊಟ ಗಂಟಲಲ್ಲಿ ಇಳಿಯುವುದಿಲ್ಲ. ನಾಯಕ ಬಾಗಿಲು ತಟ್ಟಿದರೆ ತೆರೆಯುವವನೊಬ್ಬ ಬೇಕು. ಆ ತೆರೆಯುವವನ ಮುಖದಲ್ಲಿ ಒಂದು ಮನೆಯ ಚರಿತ್ರೆಯೇ ಕಾಣಬೇಕು, ಮರುಕ್ಷಣ ಅವನು ಚೌಕಟ್ಟಿನಿಂದ ಹೊರಗಿರಬೇಕು. ಆ ಮುಖವನ್ನು ಬರಮಾಡಿಕೊಂಡಿರಿ, ಸಂತೋಷ. ಅದಕ್ಕೆ ತಕ್ಕ ಹೊತ್ತನ್ನೂ ಕೊಟ್ಟಿದ್ದರೆ ನಾನು ಈ ಕಾಗದ ಬರೆಯುವ ಪ್ರಮೇಯವೇ ಇರುತ್ತಿರಲಿಲ್ಲ.

ಇದು ಒಬ್ಬರ ಕಥೆಯಾಗಿದ್ದರೆ ದುರದೃಷ್ಟ ಎಂದು ಸುಮ್ಮನಾಗುತ್ತಿದ್ದೆ. ಕಾರೆಲ್ ನೋಲ್ ಅವರನ್ನು ತೆಗೆದುಕೊಳ್ಳಿ. ಯಾರೊಸ್ಲಾವ್ ಹಾಶೆಕ್ ಅವರ ಅಮರ ಪಾತ್ರವಾದ ಸೈನಿಕ ಶ್ವೇಕ್‌ಗೆ ಸಿನಿಮಾದಲ್ಲಿ ಮೊದಲು ದೇಹ ಕೊಟ್ಟವರು ನೋಲ್, 1926ರಲ್ಲಿ. ಜನ ಮೆಚ್ಚಿದರು, ಸಾಲುಸಾಲಾಗಿ ಶ್ವೇಕ್ ಚಿತ್ರಗಳು ಬಂದವು. ಶ್ವೇಕ್ ಎಂದರೆ ಮಾತು. ಅಧಿಕಾರಿಯ ಮುಂದೆ ನಿಂತು ಮುಗ್ಧನಂತೆ ಕಥೆಯ ಮೇಲೆ ಕಥೆ ಹೇಳಿ ಸಾಮ್ರಾಜ್ಯವನ್ನೇ ಸುಸ್ತಾಗಿಸುವವನು. ಅಂಥವನನ್ನು ಮೂಕನಾಗಿ ಆಡಿ ತೋರಿಸುವ ಕಷ್ಟವನ್ನು ನೋಲ್ ಹೊತ್ತರು. 1928ರಲ್ಲಿ ತೀರಿಕೊಂಡರು. ಮೂರೇ ವರ್ಷಕ್ಕೆ, 1931ರಲ್ಲಿ, ಮಾತಾಡುವ ಶ್ವೇಕ್ ಬಂದ. ಪಾತ್ರ ಸಾಶಾ ರಾಶಿಲೋವ್ ಅವರದಾಯಿತು. ಆಮೇಲೆ 1956ರ ಬಣ್ಣದ ಚಿತ್ರದಲ್ಲಿ ರುಡೊಲ್ಫ್ ಹ್ರುಶಿನ್ಸ್ಕಿ ಬಂದು ಎಲ್ಲರನ್ನೂ ಮರೆಸಿದರು. ಇಂದು ಶ್ವೇಕ್ ಎಂದರೆ ಕಣ್ಣಿಗೆ ಕಟ್ಟುವುದು ಯೋಸೆಫ್ ಲಾಡಾ ಬರೆದ ದುಂಡುಮುಖದ ಚಿತ್ರ, ಇಲ್ಲವೇ ಹ್ರುಶಿನ್ಸ್ಕಿಯ ಮಂದಹಾಸ. ದಾರಿ ಕಡಿದು ಕೊಟ್ಟ ನೋಲ್ ಆ ದಾರಿಯ ಯಾವ ಕಲ್ಲಿನ ಮೇಲೂ ಇಲ್ಲ.

ಯೋಸೆಫ್ ರೊವೆನ್ಸ್ಕಿ ಅವರನ್ನು ತಾವು ಹೆಚ್ಚು ಗೌರವಿಸಿದಿರಿ, ಒಪ್ಪುತ್ತೇನೆ. ಒರಟು ಮೈಕಟ್ಟಿನ ಆ ನಟ ಜರ್ಮನಿಗೆ ಹೋಗಿ, ಪಾಬ್ಸ್ಟ್ ನಿರ್ದೇಶಿಸಿದ 1929ರ ‘ದಾರಿ ತಪ್ಪಿದ ಹುಡುಗಿಯ ದಿನಚರಿ’ಯಲ್ಲಿ ಲೂಯಿಸ್ ಬ್ರೂಕ್ಸ್‌ಗೆ ತಂದೆಯಾದರು. ಆ ಚಿತ್ರದ ಬಗ್ಗೆ ಬರೆದ ಲೇಖನಗಳೆಲ್ಲ ಬ್ರೂಕ್ಸ್ ಕೂದಲಿನ ಬಗ್ಗೆ ಪುಟಗಟ್ಟಲೆ ಹೇಳುತ್ತವೆ, ತಂದೆಯ ಬಗ್ಗೆ ಒಂದು ಸಾಲು. ರೊವೆನ್ಸ್ಕಿ ಕೊನೆಗೆ ನಿರ್ದೇಶಕರಾಗಿ ‘ನದಿ’ ಚಿತ್ರ ಮಾಡಿದರು, ಅದು 1934ರಲ್ಲಿ ವೆನಿಸ್ ಉತ್ಸವದಲ್ಲಿ ಗೌರವ ಪಡೆಯಿತು. ಆಗ ಲೋಕ ಅವರ ಹೆಸರು ಕಲಿಯಿತು. ತಮ್ಮ ಎದುರು ನಿಂತಷ್ಟು ಕಾಲ ಸಿಗದ ಹೆಸರು ತಮ್ಮ ಹಿಂದೆ ನಿಂತೊಡನೆ ಸಿಕ್ಕಿತು.

ಥಿಯೋಡೋರ್ ಪಿಶ್ತ್ಯೆಕ್ ಅವರದು ಇನ್ನೊಂದು ಬಗೆ. ‘ಬದುಕು ಇಷ್ಟೇ’ ಎಂಬ, 1930ರ ಆಸುಪಾಸಿನ ಮೂಕಿಚಿತ್ರದಲ್ಲಿ ಅವರು ಕುಡುಕ ಗಂಡ. ಹೆಂಡತಿ ಬಟ್ಟೆ ಒಗೆದು ಸಂಸಾರ ಸಾಗಿಸುವವಳು. ಆ ಪಾತ್ರ ಮಾಡಿದವರು ನಿರ್ದೇಶಕ ಪುದೋವ್ಕಿನ್‌ನ ‘ತಾಯಿ’ ಚಿತ್ರದಲ್ಲಿ ತಾಯಿಯಾಗಿದ್ದ ವೆರಾ ಬಾರನೋವ್ಸ್ಕಾಯಾ. ಅಷ್ಟು ದೊಡ್ಡ ನಟಿಯ ಎದುರು, ನೋಡುವವರೆಲ್ಲ ಶಪಿಸುವಂಥ ಗಂಡಸಾಗಿ ನಿಲ್ಲುವುದು ಸಣ್ಣ ಕೆಲಸವಲ್ಲ. ಪಿಶ್ತ್ಯೆಕ್ ಆ ಗಂಡನನ್ನು ರಾಕ್ಷಸನಾಗಿಸಲಿಲ್ಲ. ದುರ್ಬಲ ಮನುಷ್ಯನಾಗಿಸಿದರು, ಅದರಿಂದಲೇ ಅವನ ಅಪರಾಧ ಹೆಚ್ಚು ನೋಯಿಸುತ್ತದೆ. ಮುಂದೆ ಟಾಕಿಗಳಲ್ಲಿ ತುಂಬಿದ ಮೈಯ ಅಂತೋನಿಯೆ ನೆದೋಶಿನ್ಸ್ಕಾ ಅವರ ಜೊತೆಯಲ್ಲಿ ಚಿತ್ರದಿಂದ ಚಿತ್ರಕ್ಕೆ ಗಂಡಹೆಂಡಿರಾಗಿ, ಅಪ್ಪ ಅಮ್ಮನಾಗಿ ಬಂದರು. ಒಂದು ಇಡೀ ದೇಶ ಅವರನ್ನು ತನ್ನ ಮನೆಯ ಹಿರಿಯರೆಂದು ಒಪ್ಪಿಕೊಂಡಿತು. ಜೆಕ್ ನಾಡಿನ ಹೊರಗೆ ಇಂದು ಆ ಹೆಸರು ಹುಡುಕಿದರೆ ಸಿಗುವುದು ಅದೇ ಹೆಸರಿನ ಮಗ. ಮೀಲೋಶ್ ಫೋರ್ಮನ್ ಅವರ ‘ಅಮೇಡಿಯಸ್’ ಚಿತ್ರದ ಉಡುಪುಗಳಿಗೆ 1985ರಲ್ಲಿ ಆಸ್ಕರ್ ಪಡೆದವರು. ಮಗನ ಪ್ರತಿಭೆಗೆ ನನ್ನ ವಂದನೆ. ತಂದೆಯ ಮುಖ ಅದರ ಹಿಂದೆ ಮರೆಯಾದದ್ದಕ್ಕೆ ನನ್ನ ದುಃಖ.

ಕೊನೆಗೆ ತಾವು ಮಾತು ಕಲಿತಿರಿ. ಅಭಿನಂದನೆಗಳು. ತಮ್ಮ ಆ ಮೊದಲ ಮಾತು ಜೆಕ್ ನಟರಿಗೆ ಹೇಗೆ ಒದಗಿತು ಎಂಬುದನ್ನೂ ಹೇಳಿಬಿಡುತ್ತೇನೆ. ಪ್ರಾಗ್‌ನಲ್ಲಿ ಬೆಳೆದ ತಾರೆ ಆನ್ನಿ ಒಂಡ್ರಾ 1929ರಲ್ಲಿ ಇಂಗ್ಲೆಂಡಿನಲ್ಲಿ ಹಿಚ್‌ಕಾಕ್ ಅವರ ‘ಬ್ಲ್ಯಾಕ್‌ಮೇಲ್’ನ ನಾಯಕಿಯಾದಾಗ ಅವರ ಉಚ್ಚಾರಣೆ ಒಗ್ಗಲಿಲ್ಲವೆಂದು, ಜೋನ್ ಬ್ಯಾರಿ ಎಂಬ ನಟಿಯನ್ನು ಚೌಕಟ್ಟಿನ ಹೊರಗೆ ಮೈಕಿನ ಮುಂದೆ ನಿಲ್ಲಿಸಿ ಮಾತಾಡಿಸಿದರು. ಒಂಡ್ರಾ ತುಟಿ ಆಡಿಸಿದರು. ತಾರೆಗೇ ಈ ಗತಿಯಾದರೆ ಸಣ್ಣ ಪಾತ್ರದವರ ಪಾಡೇನು? ಮನೆಯಲ್ಲಿ ಮಾತ್ರ ಪವಾಡವಾಯಿತು. 1930ರಿಂದ ಜೆಕ್ ಭಾಷೆಯ ಟಾಕಿಗಳು ಬಂದಾಗ ಅವುಗಳನ್ನು ತುಂಬಿದ್ದು ವೇದಿಕೆಯ ಹಾಸ್ಯಗಾರರೇ. ವ್ಲಾಸ್ತಾ ಬುರಿಯಾನ್ ಬಂದರು, ವೊಸ್ಕೊವೆಟ್ಸ್ ಮತ್ತು ವೆರಿಖ್ ಜೋಡಿ ಬಂತು, ಫೆರೆಂಟ್ಸ್ ಫುಟುರಿಸ್ಟಾ ಬಂದರು. ಸಭೆಯ ನಗುವನ್ನು ಕಿವಿಯಲ್ಲಿ ಅಳೆಯಬಲ್ಲವರು, ಮಾತನ್ನು ಎಸೆದು ಹಿಡಿಯಬಲ್ಲವರು. 1898ರಲ್ಲಿ ಷ್ವಾಬ್ ಕೈಯಲ್ಲಿ ಹಿಡಿದು ತಂದ ವಿದ್ಯೆ ಇದೇ ಆಗಿತ್ತು. ಅದರ ಮಾತಿನ ಭಾಗ ತಮಗೆ ಬೇಕಾಗಲು 32 ವರ್ಷ ಹಿಡಿಯಿತು. ಅಷ್ಟು ಹೊತ್ತಿಗೆ ಷ್ವಾಬ್‌ಗೆ ಎಪ್ಪತ್ತು.

1932ರಲ್ಲಿ ಷ್ವಾಬ್ ತೀರಿಕೊಂಡರು. ಅದೇ ಹೊತ್ತಿಗೆ ಪ್ರಾಗ್‌ನ ದಕ್ಷಿಣಕ್ಕೆ, ವ್ಲತಾವಾದ ಮೇಲಿನ ಬಂಡೆಗಳ ನೆತ್ತಿಯಲ್ಲಿ ಬಾರಂಡೊವ್ ಸ್ಟುಡಿಯೊ ಏಳುತ್ತಿತ್ತು. ಚಿತ್ರೀಕರಣ ಶುರುವಾದದ್ದು 1933ರಲ್ಲಿ. ಬಿಸಿಲಿಗೆ ಕಾಯಬೇಕಿಲ್ಲದ ದೀಪಗಳು, ದನಿ ಹಿಡಿಯುವ ಯಂತ್ರಗಳು, ಗಾಳಿಯ ಸದ್ದು ಹೊಗದ ಗೋಡೆಗಳು, ಷ್ವಾಬ್ ಬಯಲಲ್ಲಿ ನಿಂತಾಗ ಇಲ್ಲದಿದ್ದುದೆಲ್ಲ ಅಲ್ಲಿ ಇತ್ತು. ತಿಂಗಳುಗಳ ಅಂತರದಲ್ಲಿ ತಪ್ಪಿಹೋಯಿತು. ಇದಕ್ಕೆ ತಾವು ಹೊಣೆಯೆಂದು ನಾನು ಹೇಳಲಾರೆ. ತಮ್ಮ ಸಮಯಪಾಲನೆಯ ಬಗ್ಗೆ ಮಾತ್ರ ನನಗೆ ಸಮಾಧಾನವಿಲ್ಲ.

ನ್ಯಾಯವಾಗಿ ಹೇಳಬೇಕಾದ್ದನ್ನೂ ಹೇಳುತ್ತೇನೆ. ಅಂದಿನ ನೈಟ್ರೇಟ್ ಫಿಲ್ಮು ಸಣ್ಣ ಕಿಡಿಗೂ ಹೊತ್ತಿಕೊಳ್ಳುವಂಥದ್ದು, ಸುಮ್ಮನಿಟ್ಟರೂ ಕೊಳೆತು ಅಂಟಾಗುವಂಥದ್ದು. ಲೋಕದ ಮೂಕಿಚಿತ್ರಗಳ ದೊಡ್ಡ ಪಾಲು ಹಾಗೇ ಮಣ್ಣುಪಾಲಾಯಿತು. ಅಂಥದರಲ್ಲಿ ಷ್ವಾಬ್ ನಕ್ಕ ಫಿಲ್ಮು ಉಳಿದಿದೆ. ಪ್ರಾಗ್‌ನ ಸಂಗ್ರಹಾಲಯದವರು ಕ್ರಿಝೆನೆಟ್ಸ್ಕಿಯ ಚಿತ್ರಗಳನ್ನೆಲ್ಲ ಡಿಜಿಟಲ್ ರೂಪಕ್ಕೆ ತಂದು 2019ರಲ್ಲಿ ಹೊರತಂದರು. ಗೀರು, ಕಲೆ, ನಡುಕ ಯಾವುದನ್ನೂ ಒರೆಸಿ ನುಣುಪು ಮಾಡಲಿಲ್ಲ. ಅವರ ಆ ತೀರ್ಮಾನ ನನಗೆ ಬಹಳ ಹಿಡಿಸಿತು. ತಮ್ಮ ಹಿಡಿಕೆ ತಿರುವಿದ ಕೈಯ ಅಲುಗಾಟ ಷ್ವಾಬ್ ಮುಖದ ಅಲುಗಾಟದ ಜೊತೆ ಬೆರೆತಿದೆ. ಅವರು ನಗುವುದರಿಂದ ಚಿತ್ರ ಕುಲುಕುತ್ತಿದೆಯೋ, ಚಿತ್ರ ಕುಲುಕುವುದರಿಂದ ಅವರು ಇನ್ನಷ್ಟು ನಕ್ಕಂತೆ ಕಾಣುತ್ತಿದೆಯೋ ಬೇರ್ಪಡಿಸಲು ಬರುವುದಿಲ್ಲ. ಇಷ್ಟು ವರ್ಷಕ್ಕೆ ತಾವಿಬ್ಬರೂ ಜೊತೆಯಲ್ಲಿ ಕೆಲಸ ಮಾಡಿದ ಗುರುತು ಎಲ್ಲಾದರೂ ಇದ್ದರೆ ಅದು ಇಲ್ಲೇ.

ಆದ್ದರಿಂದ ನನ್ನ ಬೇಡಿಕೆಗಳು ದೊಡ್ಡವೇನಲ್ಲ. 1898ರಲ್ಲಿ ತಮ್ಮ ಫಿಲ್ಮಿಗೆ ಪಾತ್ರವರ್ಗದ ಪಟ್ಟಿ ಅಂಟಿಸುವ ರೂಢಿ ಇರಲಿಲ್ಲ, ಗೊತ್ತು. ಇಂದು ಇದೆ. ಲೋಕದ ಯಾವ ತರಗತಿಯಲ್ಲಿ, ಯಾವ ಉತ್ಸವದಲ್ಲಿ ಆ 50 ಸೆಕೆಂಡು ತೋರಿಸಿದರೂ ಕ್ರಿಝೆನೆಟ್ಸ್ಕಿಯ ಹೆಸರಿನಷ್ಟೇ ದಪ್ಪ ಅಕ್ಷರದಲ್ಲಿ ಯೋಸೆಫ್ ಷ್ವಾಬ್-ಮಾಲೊಸ್ಟ್ರಾನ್ಸ್ಕಿ ಎಂದು ಬರೆಸಿ. ‘ಕ್ಲೋಸಪ್’ ಎಂಬ ಪಾಠ ಹೇಳುವ ಮೇಷ್ಟರುಗಳಿಗೆ ಈ ಹೆಸರು ಒಮ್ಮೆಯಾದರೂ ಉಚ್ಚರಿಸುವ ಬುದ್ಧಿ ಕೊಡಿ. ನೋಲ್‌ರ ಶ್ವೇಕ್ ಚಿತ್ರಗಳಲ್ಲಿ ಉಳಿದದ್ದಿಷ್ಟನ್ನು ಮಾತಿನ ಶ್ವೇಕ್ ಪಕ್ಕದಲ್ಲಿಟ್ಟು ಒಂದೇ ಸಂಜೆ ತೋರಿಸುವ ಏರ್ಪಾಟಾಗಲಿ. ಪಿಶ್ತ್ಯೆಕ್ ಮತ್ತು ನೆದೋಶಿನ್ಸ್ಕಾ ಜೋಡಿಯ ದಂಪತಿ ಪಾತ್ರಗಳಿಗೆ, ರೊವೆನ್ಸ್ಕಿಯ ಆ ತಂದೆಗೆ ಬೇರೆ ಬೇರೆಯಾಗಿ ಒಂದೊಂದು ಲೇಖನ ಬರಲಿ. ಇನ್ನೊಂದು, ಇದು ನನ್ನ ಸ್ವಂತ ಆಸೆ: ‘ನಗು ಮತ್ತು ಅಳು’ ತೋರಿಸುವಾಗ ಯಾರೂ ಅದರ ಮೇಲೆ ಪಿಯಾನೊ ಬಾರಿಸದಿರಲಿ. ಅವರು ಮೂಕವಾಗಿ ನಕ್ಕಿದ್ದನ್ನು ನಾವು ಮೂಕವಾಗಿಯೇ ನೋಡಬೇಕು, ಏನು ಕಳೆದುಹೋಗಿದೆ ಎಂದು ನೋಡುವವನಿಗೆ ಕಿವಿಯಿಂದಲೇ ತಿಳಿಯಬೇಕು.

ಉತ್ತರದ ನಿರೀಕ್ಷೆಯಲ್ಲಿ,

ತಮ್ಮ ವಿಧೇಯ,
ಒಬ್ಬ ಪ್ರೇಕ್ಷಕ